ಅಂಗೈಯಷ್ಟು ಕತ್ತಲೆ

ಆ ಭೂಖಂಡದಲ್ಲಿ ಮಣ್ಣು ಬೆಳಗುತ್ತಿತ್ತು. ಮಣ್ಣು ಬೆಳಗುತ್ತಿದ್ದುದರಿಂದ ಮಣ್ಣಿನಲ್ಲಿ ಬೆಳೆದ ಜೋಳ ಬೆಳಗುತ್ತಿತ್ತು, ಜೋಳದ ದಂಟು ಮೇದ ಎತ್ತು ಬೆಳಗುತ್ತಿತ್ತು, ಎತ್ತಿನ ಕೊಂಬು, ಚರ್ಮ, ಸಗಣಿ ಎಲ್ಲವೂ ಬೆಳಗುತ್ತಿದ್ದವು. ಕಲ್ಲು ಬೆಳಗುತ್ತಿತ್ತು, ಕಬ್ಬಿಣ ಬೆಳಗುತ್ತಿತ್ತು, ಬಾವಿಯ ನೀರು ತಳದಿಂದ ಬಾಯಿಯ ತನಕ ಬೆಳಗುತ್ತಿತ್ತು. ಸೂರ್ಯ ಬಂದದ್ದೂ ಹೋದದ್ದೂ ಅಲ್ಲಿಯ ಜನಕ್ಕೆ ಗೊತ್ತಾಗುತ್ತಿರಲಿಲ್ಲ. ದೂರದ ಸಮುದ್ರದಲ್ಲಿ ಹಾಯುವ ಹಡಗಿನವರು ಆ ಬೆಳಕನ್ನು ಕಂಡು, ಅಲ್ಲಿ ದೇವರಿದ್ದಾನೆ ಎಂದು ಕೈ ಮುಗಿಯುತ್ತಿದ್ದರಂತೆ. ಹೊರಗಿನಿಂದ ನೋಡುವವರಿಗೆ ಹಾಗೆ ಅನ್ನಿಸುವುದು ಸಹಜ. ಒಳಗಿದ್ದವರಿಗೆ ಬೇಕಾಗಿದ್ದದ್ದು ಒಂದು ಚೂರು ಕತ್ತಲೆ.

ನಿಮಗೆ ಇದರ ಕಷ್ಟ ತಿಳಿಯಲಿಕ್ಕಿಲ್ಲ. ನೀವು ದೀಪ ಆರಿಸಿ ಮಗ್ಗುಲು ಹೊರಳಿದರೆ ಆಯಿತು, ಗೊರಕೆ ಶುರು. ಅಲ್ಲಿ ರೆಪ್ಪೆ ಮುಚ್ಚಿದರೆ ರೆಪ್ಪೆಯೇ ಬೆಳಗುತ್ತಿತ್ತು, ಬಟ್ಟೆ ಕಟ್ಟಿದರೆ ಬಟ್ಟೆಯೇ ಬೆಳಗುತ್ತಿತ್ತು. ಇಡೀ ಖಂಡದಲ್ಲಿ ಬೆಳಗದೆ ಉಳಿದದ್ದು ಒಂದೇ, ಜೀವಂತ ಮನುಷ್ಯನ ಅಂಗೈ. ಅದು ಮಾತ್ರ ಕಪ್ಪಗಿತ್ತು. ಮಗು ಮುಷ್ಟಿ ಬಿಗಿದುಕೊಂಡು ಹುಟ್ಟುತ್ತದಲ್ಲ, ಅದು ತಾಯಿಯ ಹೊಟ್ಟೆಯೊಳಗಿನ ಕತ್ತಲೆಯನ್ನು ಹಿಡಿದುಕೊಂಡೇ ಬರುತ್ತದೆ ಎಂದು ಸೂಲಗಿತ್ತಿಯರು ಹೇಳುತ್ತಿದ್ದರು. ಹೆರಿಗೆಯಾದ ಕೂಡಲೇ ಸೂಲಗಿತ್ತಿ ಆ ಮುಷ್ಟಿಯನ್ನು ಮೆಲ್ಲಗೆ ಬಿಡಿಸಿ, ಎಳೆಯ ಅಂಗೈಗಳನ್ನು ಬಾಣಂತಿಯ ಕಣ್ಣಿನ ಮೇಲೆ ಇಡುತ್ತಿದ್ದಳು. ಹೆತ್ತ ಮೇಲಿನ ಮೊದಲ ನಿದ್ದೆಯನ್ನು ತಾಯಿಗೆ ಮಗುವೇ ಕೊಡಬೇಕು, ಅದು ಅಲ್ಲಿಯ ಪದ್ಧತಿ.

ತನ್ನ ಕಣ್ಣನ್ನು ತಾನೇ ಮುಚ್ಚಿಕೊಂಡರೆ ಆಗದು. ನಿದ್ದೆ ಹತ್ತುವ ಹೊತ್ತಿಗೆ ಕೈ ಸಡಿಲುತ್ತದೆ, ಜಾರುತ್ತದೆ, ಬೆಳಕು ಒಳಗೆ ನುಗ್ಗುತ್ತದೆ. ಆದ್ದರಿಂದ ಪ್ರತಿಯೊಬ್ಬರಿಗೂ ಇನ್ನೊಬ್ಬರು ಬೇಕಿತ್ತು. ಮಲಗುವವರು "ಇದ್ದೀಯಾ?" ಎಂದು ಕೇಳುತ್ತಿದ್ದರು. ಕಣ್ಣು ಮುಚ್ಚುವವರು "ಇದ್ದೀನಿ, ಮಲಗು" ಎನ್ನುತ್ತಿದ್ದರು. ಎಚ್ಚರವಾದವರು ನೀರು ಕುಡಿಯುವ ಮೊದಲು, ಮುಖ ನೋಡುವ ಮೊದಲು, ಕೈ ಚಾಚಿ ತಮ್ಮನ್ನು ಮಲಗಿಸಿದವರ ಕಣ್ಣು ಮುಚ್ಚುತ್ತಿದ್ದರು. ಜಗಳವಾಡಿದ ಗಂಡ ಹೆಂಡಿರೂ ಹೀಗೆಯೇ ಮಾಡುತ್ತಿದ್ದರು, ಪಾಲು ಕೇಳಿ ಹೊಡೆದಾಡಿದ ಅಣ್ಣ ತಮ್ಮಂದಿರೂ ಹೀಗೆಯೇ. ಮುಖದ ಮೇಲೆ ಇನ್ನೊಬ್ಬರ ಕೈಯಿದ್ದರೆ ಮಲಗಿದ್ದಾನೆ ಎಂದು ಅರ್ಥ. ಕೈಯಿಲ್ಲದೆ ಕಣ್ಣು ಮುಚ್ಚಿದ್ದರೆ ಸತ್ತಿದ್ದಾನೆ ಎಂದು ಅರ್ಥ.

ಒಂದು ಸಲ ಕತ್ತಲ ನಾಡಿನ ನಾವಿಕನೊಬ್ಬ ಹಡಗು ಒಡೆದು ಆ ದಡಕ್ಕೆ ಬಂದು ಬಿದ್ದ. ಬೆಳಕು ಕಣ್ಣಿಗೆ ಚುಚ್ಚಿತೋ ಏನೋ, ತನ್ನ ಕರಿಯ ರುಮಾಲನ್ನು ಕಣ್ಣಿಗೆ ಬಿಗಿದು ಮರಳಿನ ಮೇಲೆ ದಣಿದು ಹೆಣದಂತೆ ಮಲಗಿಬಿಟ್ಟ. ದಡದ ಜನ ಸುತ್ತ ಕೂಡಿದರು. ಇವನ ಮುಖದ ಮೇಲೆ ಯಾರ ಕೈಯೂ ಇಲ್ಲ. ಅಯ್ಯೋ ಪಾಪ, ಯಾರ ಮಗನೋ ಎಂದು ಹೆಂಗಸರು ಅತ್ತರು. ಗುಂಡಿ ತೋಡುವವನನ್ನು ಕರೆಸಿದರು, ಮೈಗೆ ಎಣ್ಣೆ ಸವರಿದರು, ಹೂವು ಇಟ್ಟರು, ಎಲ್ಲ ಮರ್ಯಾದೆಯಿಂದ ಅವನನ್ನು ಹೂಳಿದರು. ಮೇಲೆ ಮಣ್ಣು ಬಿದ್ದ ಮೇಲೆ ಒಳಗಿನಿಂದ ಕೂಗು ಕೇಳಿತು. ಸತ್ತವರು ಕೂಗುವುದನ್ನು ಕಂಡರಿಯದ ಜನ ದಿಗಿಲುಬಿದ್ದು ಇನ್ನಷ್ಟು ಮಣ್ಣು ಎಳೆದರು, ಕೂಗು ನಿಲ್ಲುವ ತನಕ ತುಳಿದರು.

ಈ ಸುದ್ದಿ ಅರಸನ ಕಿವಿಗೆ ಬಿತ್ತು.

ಅರಸನ ನಿದ್ದೆಯ ಕಥೆ ಬೇರೆ. ಅವನು ಪಟ್ಟಕ್ಕೆ ಬಂದದ್ದು ಹೇಗೆಂದು ಎಲ್ಲರಿಗೂ ಗೊತ್ತಿತ್ತು, ಯಾರೂ ಬಾಯಿ ಬಿಡುತ್ತಿರಲಿಲ್ಲ. ಅವನ ಅಪ್ಪ "ಇದ್ದೀಯಾ?" ಎಂದು ಕೇಳಿದ್ದ. ಇವನು "ಇದ್ದೀನಿ, ಮಲಗು" ಎಂದು ಒಂದು ಅಂಗೈಯನ್ನು ಅಪ್ಪನ ಕಣ್ಣಿಗೆ ಅಡ್ಡ ಹಿಡಿದು, ಇನ್ನೊಂದು ಕೈಯಿಂದ ಕುತ್ತಿಗೆ ಕೊಯ್ದಿದ್ದ. ಮಲಗಿದವರನ್ನು ಕೊಂದವರು ಆ ನಾಡಿನಲ್ಲಿ ಅದಕ್ಕೆ ಮೊದಲು ಯಾರೂ ಇರಲಿಲ್ಲ. ಅಂಥ ಕೆಲಸ ಮಾಡಿ ನೋಡಿದವನು ಅವನೊಬ್ಬನೇ, ಆದ್ದರಿಂದ ಹೆದರಿಕೆಯೂ ಅವನೊಬ್ಬನಿಗೇ.

ಅವನ ಕಣ್ಣು ಮುಚ್ಚಲು ಒಬ್ಬ ಹೆಂಗಸನ್ನು ಇಟ್ಟಿದ್ದರು. ಅವಳನ್ನು ಎಲ್ಲರೂ ಅಂಗೈಯವಳು ಎಂದೇ ಕರೆಯುತ್ತಿದ್ದರು. ಅವಳು ಅರಸನ ತಲೆಯನ್ನು ತೊಡೆಯ ಮೇಲಿಟ್ಟುಕೊಂಡು ಕೂತರೆ ಅವಳ ಬೆನ್ನಿಗೆ ಸೈನಿಕರು ಈಟಿ ಒತ್ತಿ ನಿಲ್ಲುತ್ತಿದ್ದರು. ಅರಸ ಅರೆಗಳಿಗೆಗೊಮ್ಮೆ ಬೆಚ್ಚಿ ಏಳುತ್ತಿದ್ದ. ಅಂಗೈಯವಳಿಗೆ ಗಂಡನಿರಲಿಲ್ಲ, ಮದುವೆಗೆ ಬಂದ ಒಬ್ಬಳು ಮಗಳಿದ್ದಳು. ಮನೆಗೆ ಬಂದರೆ ಅಂಗೈಯವಳ ಕಣ್ಣು ಮುಚ್ಚುತ್ತಿದ್ದವಳು ಪಕ್ಕದ ಮನೆಯ ಸೂಲಗಿತ್ತಿ. ಆ ಮಗಳನ್ನು ಹಿಡಿದೆತ್ತಿದವಳೂ, ಅವಳ ಮುಷ್ಟಿ ಬಿಡಿಸಿ ಬಾಣಂತಿಯ ಕಣ್ಣಿನ ಮೇಲಿಟ್ಟವಳೂ ಅದೇ ಸೂಲಗಿತ್ತಿ. ಇವಳು ಅವಳನ್ನು ಅಕ್ಕ ಎನ್ನುತ್ತಿದ್ದಳು, ಅವಳು ಇವಳನ್ನು ತಂಗಿ ಎನ್ನುತ್ತಿದ್ದಳು.

"ಆ ಪರದೇಶಿ ಒಬ್ಬನೇ ಮಲಗಿದ್ದನಂತೆ" ಎಂದ ಅರಸ.

"ಹೌದಂತೆ ಬುದ್ಧಿ" ಎಂದಳು ಅಂಗೈಯವಳು.

"ಯಾರ ಕೈಯೂ ಇಲ್ಲದೆ."

"ಪಾಪ, ಅವನಿಗೆ ಯಾರೂ ಇರಲಿಲ್ಲ ಅಂತ ಕಾಣ್ತದೆ ಬುದ್ಧಿ."

ಅರಸ ಅವಳ ಕೈಯನ್ನು ಕಣ್ಣಿನಿಂದ ತಳ್ಳಿ ಎದ್ದು ಕೂತ. ಅವಳಿಗೆ ಪಾಪ ಅನ್ನಿಸಿದ್ದು ಅವನಿಗೆ ಭಾಗ್ಯ ಅನ್ನಿಸಿತ್ತು. ಕೂಡಲೇ ನಾವಿಕನ ಗುಂಡಿ ಅಗೆಸಿ ಹೆಣವನ್ನು ಹೊರಗೆ ತೆಗೆಸಿದ. ರುಮಾಲನ್ನು ತಂದು ನೋಡಿದರೆ ಅದು ಆಗಲೇ ಬೆಳಗತೊಡಗಿತ್ತು, ಆ ಮಣ್ಣು ಯಾವುದನ್ನೂ ಕಪ್ಪಗೆ ಉಳಿಯಲು ಬಿಡುತ್ತಿರಲಿಲ್ಲ. ಅರಸ ಅದನ್ನು ಹರಿದು ಬಿಸಾಡಿದ. ಆಮೇಲೆ ತನ್ನ ಮುಂದೆ ಚಾಚಿಕೊಂಡಿದ್ದ ಅಂಗೈಯವಳ ಕೈಗಳನ್ನು ಬಹಳ ಹೊತ್ತು ನೋಡಿದ. ಮನುಷ್ಯ ಬೇಡ, ಅಂಗೈ ಸಾಕು ಎಂಬ ಯೋಚನೆ ಅವನಿಗೆ ಹೊಳೆದದ್ದು ಆಗಲೇ. ಹೊಳೆದದ್ದು ಎಂದೆನಲ್ಲ, ಆ ಖಂಡದಲ್ಲಿ ಎಲ್ಲವೂ ಹೊಳೆಯುತ್ತಿತ್ತು, ಅರಸನ ಬುದ್ಧಿಯೊಂದು ಯಾಕೆ ಹಿಂದೆ ಬೀಳಬೇಕು.

ಮೊದಲು ಕಣಿವೆಯ ಜನದ ಮೇಲೆ ದಂಡು ಹೋಯಿತು. ಕಣಿವೆಯವರು ಯಾವ ತಪ್ಪೂ ಮಾಡಿರಲಿಲ್ಲ, ಅವರಿಗೆ ಕೈಗಳಿದ್ದವು, ಅಷ್ಟೇ. ಕೊಡಲಿಯವನು ಮರದ ದಿಮ್ಮಿಯೊಂದನ್ನು ನೆಟ್ಟು ಕೂತ. ಕೈ ಚಾಚಿಸಿದರು, ಕಡಿದರು. ಕೈ ಚಾಚಿಸಿದರು, ಕಡಿದರು. ಅಂಗೈಗಳನ್ನು ಗೋಣಿಯಲ್ಲಿ ತುಂಬಿ ತಂದರು, ಚರ್ಮ ಹದ ಮಾಡುವವನು ಅವನ್ನು ಉಪ್ಪಿನಲ್ಲಿ ಅದ್ದಿ, ಹಾಸಿ, ಒಂದಕ್ಕೊಂದು ಹೊಲಿದ. ಅರಮನೆಯ ನಡುವಿನ ಕೋಣೆಯ ಗೋಡೆಗೆ, ನೆಲಕ್ಕೆ, ಸೂರಿಗೆ, ಬಾಗಿಲ ಒಳಮೈಗೆ ಅಂಗೈಗಳನ್ನು ಹೊದಿಸಿದರು. ಅರಸ ಒಳಗೆ ಹೋಗಿ ಬಾಗಿಲು ಹಾಕಿಕೊಂಡ. ಒಳಗೆ ಕತ್ತಲೆಯಿತ್ತು. ಯಾರನ್ನೂ "ಇದ್ದೀಯಾ?" ಎಂದು ಕೇಳಬೇಕಾಗಿರಲಿಲ್ಲ. ಅವನು ಮಲಗಿದ.

ಕಣಿವೆಯವರು ಮಲಗಲಿಲ್ಲ. ಅವರು ಮೊಂಡು ತೋಳುಗಳನ್ನು ಒಬ್ಬರ ಕಣ್ಣಿಗೆ ಒಬ್ಬರು ಒತ್ತಿ ನೋಡಿದರು. ತೋಳು ಬೆಳಗುತ್ತಿತ್ತು. ನಿದ್ದೆಗೆಟ್ಟು ಸಾಯುವವರಿಗೆ ಒಂದು ಕ್ರಮವಿತ್ತು: ಮೊದಲು ಸುಮ್ಮಸುಮ್ಮನೆ ನಗುತ್ತಿದ್ದರು, ಆಮೇಲೆ ರೆಪ್ಪೆ ಬಡಿಯುವುದನ್ನು ಮರೆಯುತ್ತಿದ್ದರು, ಆಮೇಲೆ ಕೂತಲ್ಲೇ ಉರುಳುತ್ತಿದ್ದರು. ನಗುತ್ತ ನಗುತ್ತ ಅವರು ಅರಸನ ಊರಬಾಗಿಲಿಗೆ ಬಂದು ಬಿದ್ದರು. ಊರಿನವರು ಮುಖ ತಿರುಗಿಸಿಕೊಂಡು ಓಡಾಡಿದರು. ಕೈ ಹೋದದ್ದು ಬೇರೆಯವರದ್ದಲ್ಲವೇ, ನಮಗೇಕೆ ಊರ ಉಸಾಬರಿ ಎಂದುಕೊಂಡರು.

ಆದರೆ ಸತ್ತ ಅಂಗೈ ಬಹಳ ಕಾಲ ಕಪ್ಪಗಿರುವುದಿಲ್ಲ. ಒಣಗಿದಂತೆ ಅದರ ಅಂಚು ಬೆಳಗತೊಡಗಿತು, ಬೆರಳುಗಳು ಬೆಳಗಿದವು, ರೇಖೆಗಳು ಒಂದೊಂದಾಗಿ ಹೊತ್ತಿಕೊಂಡವು. ಅರಸ ಕಣ್ಣು ಬಿಟ್ಟಾಗ ಕಣಿವೆಯ ಜನದ ಕೈಗಳೆಲ್ಲ ನಾಲ್ಕೂ ಕಡೆಯಿಂದ ಅವನತ್ತ ಉರಿಯುತ್ತಿದ್ದವು. ಅವನು ಕಿರುಚಿಕೊಂಡು ಹೊರಗೆ ಬಂದ. ಬೇರೆ ಕೈಗಳನ್ನು ತನ್ನಿ ಎಂದ.

ಕಣಿವೆಯ ಆಚೆಯವರದ್ದು ಆಯಿತು, ದಡದವರದ್ದು ಆಯಿತು. ಆಮೇಲೆ ಊರಿನ ಸರದಿ. ಮುದುಕರನ್ನು ಬಿಡಲಿಲ್ಲ, ತೊಟ್ಟಿಲಿನ ಕೂಸುಗಳನ್ನೂ ಬಿಡಲಿಲ್ಲ. ಇದನ್ನು ಬರೆಯುವಾಗ ನನ್ನ ಮೈ ಉರಿಯುತ್ತದೆ. ಅಷ್ಟು ಜನರಲ್ಲಿ ಅರಸನ ಕುತ್ತಿಗೆಗೆ ಕೈ ಹಾಕಿದವನು ಒಬ್ಬನೂ ಇರಲಿಲ್ಲ, ಕೈಗಳಿದ್ದಾಗ ಪ್ರತಿಯೊಬ್ಬನೂ ನನ್ನ ಬೀದಿಗೆ ಬರಲಿಕ್ಕಿಲ್ಲ ಎಂದುಕೊಂಡಿದ್ದ.

ಅಂಗೈಯವಳ ಬೀದಿಗೆ ದಂಡು ಬರುವ ಮೊದಲು, ಅವಳೂ ಸೂಲಗಿತ್ತಿಯೂ ಸೇರಿ ಮಗಳನ್ನು ಆ ನಾವಿಕನ ಬರಿದಾದ ಗುಂಡಿಯೊಳಗೆ ಇಳಿಸಿದರು. ಮೇಲೆ ಹಲಗೆ ಮುಚ್ಚಿ, ಉಸಿರಿಗೊಂದು ಜೊಂಡಿನ ಕೊಳವೆ ಇಟ್ಟು, ಮಣ್ಣು ಎಳೆದರು. "ಒಳಗೆ ನಿದ್ದೆ ಬರಲ್ಲ ಮಗಾ, ತಡ್ಕೋ" ಎಂದಳು ತಾಯಿ. ಗುಂಡಿಯ ಗೋಡೆಗಳೂ ಬೆಳಗುತ್ತಿದ್ದವಲ್ಲ. "ತಡ್ಕೋತೀನಿ ಅವ್ವ" ಎಂದಳು ಮಗಳು.

ದಿಮ್ಮಿಯ ಮುಂದೆ ಸಾಲು ನಿಂತಿತು. ಮಗಳೆಲ್ಲಿ ಎಂದು ಕೇಳಿದರು. ಸತ್ತಳು, ಹೂತಿದ್ದೀವಿ ಎಂದಳು ಅಂಗೈಯವಳು. ಹೂತ ಗುಂಡಿಯನ್ನು ತೋಡಿ ನೋಡುವಷ್ಟು ಪುರುಸೊತ್ತು ಅವರಿಗೆ ಇರಲಿಲ್ಲ.

"ಕೈ ಚಾಚವ್ವ. ಆ ಕಡೆ ನೋಡು" ಎಂದ ಕೊಡಲಿಯವನು. ಅವನಿಗೂ ಸಾಕಾಗಿತ್ತು.

ಸೂಲಗಿತ್ತಿ ಸಾಲು ಬಿಟ್ಟು ಮುಂದೆ ಬಂದಳು. ಹಿಂದಿನಿಂದ ಅಂಗೈಯವಳ ಕಣ್ಣುಗಳನ್ನು ತನ್ನ ಎರಡು ಅಂಗೈಗಳಿಂದ ಮುಚ್ಚಿದಳು. ಅಂಗೈಯವಳು ಆ ಕತ್ತಲೆಯೊಳಗಿನಿಂದ "ಅಕ್ಕ, ಇದ್ದೀಯಾ?" ಎಂದಳು. "ಇದ್ದೀನಿ ತಂಗಿ" ಎಂದಳು ಸೂಲಗಿತ್ತಿ. ಕೊಡಲಿ ಬಿತ್ತು. ಇನ್ನೊಮ್ಮೆ ಬಿತ್ತು. ಆಮೇಲೆ ಸೂಲಗಿತ್ತಿಯ ಸರದಿ ಬಂದಾಗ ಅವಳ ಕಣ್ಣು ಮುಚ್ಚಲು ಅಂಗೈಯವಳಿಗೆ ಕೈಗಳಿರಲಿಲ್ಲ. ಸೂಲಗಿತ್ತಿ ಎಲ್ಲವನ್ನೂ ನೋಡಿದಳು.

ಊರು ಮುಗಿದ ಮೇಲೆ ಅರಸ ಸೈನಿಕರ ಕೈಗಳನ್ನು ಕೇಳಿದ, ಸೈನಿಕರ ಕೈಗಳನ್ನು ಹೊಲಿದ ಮೇಲೆ ಚರ್ಮ ಹದ ಮಾಡುವವನದ್ದನ್ನು ಕೇಳಿದ. ಕೊಡಲಿಯವನ ಕೈಗಳನ್ನು ಅವನ ಕೊಡಲಿಯಿಂದಲೇ ಅರಸ ತಾನೇ ಕಡಿದ. ಹಸಿ ಅಂಗೈಗಳನ್ನು ತಾನೇ ಗೋಡೆಗೆ ಮೊಳೆ ಹೊಡೆದು ಬಾಗಿಲು ಹಾಕಿಕೊಂಡ. ಇಡೀ ಖಂಡದಲ್ಲಿ ಇನ್ನು ಅವನೊಬ್ಬನಿಗೇ ಕೈಗಳು ಎಂದು ಅವನು ತಿಳಿದಿದ್ದ.

ಹೊರಗೆ ಅಂಗೈಯವಳೂ ಸೂಲಗಿತ್ತಿಯೂ ಕಾಲಿನಿಂದ ಮಣ್ಣು ಕೆದರಿ, ಹಲಗೆಯನ್ನು ಭುಜದಿಂದ ಸರಿಸಿ, ಮಗಳನ್ನು ಮೇಲೆ ತಂದರು. ಮಗಳು ತಾಯಿಯ ಮೊಂಡು ತೋಳುಗಳನ್ನು ನೋಡಿದಳು. ಅಳಲಿಲ್ಲ. ಕೈ ಚಾಚಿ ತಾಯಿಯ ಕಣ್ಣು ಮುಚ್ಚಿದಳು. ಆಮೇಲೆ ಸೂಲಗಿತ್ತಿಯ ಕಣ್ಣು ಮುಚ್ಚಿದಳು. ಸುದ್ದಿ ಹಬ್ಬಿತು. ಉಳಿದಿದ್ದ ಜನವೆಲ್ಲ ತೆವಳಿಕೊಂಡು ಬಂದು ಅವಳ ಸುತ್ತ ಕೂತರು. ಒಬ್ಬರಾದ ಮೇಲೆ ಒಬ್ಬರು ಅವಳ ತೊಡೆಯ ಮೇಲೆ ತಲೆಯಿಟ್ಟು "ಇದ್ದೀಯಾ?" ಎಂದರು. ಅವಳು "ಇದ್ದೀನಿ, ಮಲಗು" ಎಂದಳು. "ಇದ್ದೀಯಾ?" ಎಂದರು. "ಇದ್ದೀನಿ, ಮಲಗು" ಎಂದಳು. ನಿದ್ದೆ ಮುಗಿಸಿ ಎದ್ದವರು ಅಭ್ಯಾಸಬಲದಿಂದ ಅವಳ ಕಡೆಗೆ ತೋಳು ಚಾಚುತ್ತಿದ್ದರು. ತೋಳಿನ ತುದಿಯಲ್ಲಿ ಏನೂ ಇಲ್ಲದ್ದನ್ನು ಕಂಡು ಇಳಿಸುತ್ತಿದ್ದರು.

ಸೂಲಗಿತ್ತಿಯ ಸ್ವಂತ ಮಗಳು ತುಂಬಿದ ಬಸುರಿಯಾಗಿದ್ದಳು. ಅವಳ ಹೆರಿಗೆ ನಡೆದದ್ದು ಅಂಗೈಯವಳ ಮಗಳು ಇನ್ನೂ ಗುಂಡಿಯಲ್ಲಿದ್ದಾಗ. ಹಿಡಿಯುವ ಕೈಯಿಲ್ಲದೆ ತಾಯಿ ಉಳಿಯಲಿಲ್ಲ, ಕೂಸೂ ಉಳಿಯಲಿಲ್ಲ. ಅಂದಿನಿಂದ ಸೂಲಗಿತ್ತಿ ಒಂದೇ ಮಾತು ಆಡುತ್ತಿದ್ದಳು: "ಅವನು ಹೊರಗೆ ಬರಲಿ." ಎಲ್ಲರೂ ಹೂಂಗುಟ್ಟಿದರು. ಅರಸನ ಕುತ್ತಿಗೆಯನ್ನು ಹತ್ತಿರದಿಂದ ಬಲ್ಲವಳು ಅಂಗೈಯವಳು, ಆದ್ದರಿಂದ ಆ ಕೆಲಸ ಅವಳದ್ದೇ ಎಂದು ತೀರ್ಮಾನವಾಯಿತು. ಮಗಳು ತಾಯಿಯ ಬಲದ ಮೊಂಡು ತೋಳಿಗೆ ಒಂದು ಕತ್ತಿಯನ್ನು ಹಗ್ಗದಿಂದ ಬಿಗಿಯಾಗಿ ಕಟ್ಟಿದಳು. ಅಂಗೈಯವಳು ಅವನನ್ನು ಕೊಲ್ಲುತ್ತೇನೆ ಎಂದು ಸೂಲಗಿತ್ತಿಗೆ ಮಾತು ಕೊಟ್ಟಳು. ಆ ಮಾತು ಸುಳ್ಳಾಗಿರಲಿಲ್ಲ.

ಹಗ್ಗದ ಗಂಟು ಹಾಕುತ್ತಿರುವಾಗ ಮಗಳು ನಕ್ಕಳು.

"ಯಾಕೆ ಮಗಾ ನಗ್ತೀಯ?" ಎಂದಳು ತಾಯಿ.

"ಏನಿಲ್ಲ ಅವ್ವ. ಸುಮ್ಮನೆ."

ಅಂಗೈಯವಳಿಗೆ ಕಣಿವೆಯವರ ನಗು ನೆನಪಾಯಿತು. ಎಲ್ಲರನ್ನೂ ಮಲಗಿಸುವ ಮಗಳನ್ನು ಮಲಗಿಸುವವರು ಯಾರೂ ಇರಲಿಲ್ಲ. ತಾಯಿ ತನ್ನ ಎಡತೋಳನ್ನು ಮಗಳ ಕಣ್ಣಿಗೆ ಒತ್ತಿದಳು, ಕೂದಲನ್ನು ಹರಡಿದಳು, ಎದೆಗೆ ಮುಖ ಅವುಚಿಕೊಂಡಳು. ಎದೆಯೂ ಬೆಳಗುತ್ತಿತ್ತು. ಮಗಳು ಆ ಬೆಳಕಿನೊಳಗೆ ಕಣ್ಣು ಬಿಟ್ಟುಕೊಂಡೇ ಇದ್ದಳು. ಸ್ವಲ್ಪ ಹೊತ್ತಿನಲ್ಲಿ ಅವಳ ರೆಪ್ಪೆಗಳು ಬಡಿಯುವುದನ್ನು ಮರೆತವು.

ಅರಸ ಹೊರಗೆ ಬಂದದ್ದು ಆಗ. ಕೊನೆಯ ಅಂಗೈಗಳೂ ಹೊತ್ತಿಕೊಂಡು, ಕೋಣೆ ಕುಲುಮೆಯಂತಾಗಿತ್ತು. ಅವನ ಕಣ್ಣು ರಕ್ತದಂತಿತ್ತು, ಉಡುಪು ಹರಿದಿತ್ತು. ಜನದ ನಡುವೆ ಕೂತಿದ್ದ ಹುಡುಗಿಯ ಕಪ್ಪು ಅಂಗೈಗಳನ್ನು ಕಂಡು ಮಗುವಿನಂತೆ ತೊದಲುತ್ತ ಓಡಿಬಂದ.

"ನನ್ನ ಕಣ್ಣು ಮುಚ್ಚಮ್ಮ. ಒಂದು ಗಳಿಗೆ. ಏನು ಬೇಕಾದರೂ ಕೊಡ್ತೀನಿ" ಎಂದು ತನ್ನ ಎರಡೂ ಕೈ ಚಾಚಿ ಬೇಡಿದ.

ಜನ ಎದ್ದರು. ಕಾಲಿಂದ ಒದ್ದು ಕೆಡವಿದರು, ಮೊಣಕಾಲು ಎದೆಯ ಮೇಲಿಟ್ಟು ಒತ್ತಿದರು, ಮೊಂಡು ತೋಳುಗಳಿಂದ ಮುಖ ಜಜ್ಜಿದರು. ಅವನ ಹಲ್ಲು ಮುರಿಯಿತು, ಪಕ್ಕೆಲುಬು ಮುರಿಯಿತು. "ತಂಗಿ, ಬಾ" ಎಂದು ಸೂಲಗಿತ್ತಿ ಕೂಗಿದಳು. ಅಂಗೈಯವಳು ಬಂದಳು. ಕತ್ತಿಯನ್ನು ಅವನ ಕುತ್ತಿಗೆಗೆ ಇಟ್ಟಳು. ಎಲ್ಲರೂ ಅವನ ಕುತ್ತಿಗೆಯನ್ನು ನೋಡುತ್ತಿದ್ದರು. ಅವಳೊಬ್ಬಳು ಅವನ ಕೈಗಳನ್ನು ನೋಡಿದಳು.

"ಏಳು" ಎಂದಳು. ಬುದ್ಧಿ ಎಂಬ ಮಾತು ಅವಳ ಬಾಯಿಂದ ಬರಲಿಲ್ಲ. "ನನ್ನ ಮಗಳ ಕಣ್ಣು ಮುಚ್ಚು."

ಸೂಲಗಿತ್ತಿ, "ಏನೇ ಇದು?" ಎಂದಳು.

"ಒಂದು ನಿದ್ದೆ ಅಕ್ಕ. ಇವಳು ಸತ್ರೆ ನಮ್ಮನ್ನೆಲ್ಲ ಮಲಗಿಸೋರು ಯಾರು?"

ಜನ ಅವನ ಎದೆಯ ಮೇಲಿನಿಂದ ಮೊಣಕಾಲು ತೆಗೆದರು. ಅರಸ ತೆವಳಿ ಬಂದು ಕೂತ. ಹುಡುಗಿಯ ತಲೆಯನ್ನು ತೊಡೆಯ ಮೇಲೆ ಎಳೆದುಕೊಂಡು ಅವಳ ಕಣ್ಣು ಮುಚ್ಚಿದ. ಅವಳು ಯಾರ ಕೈಯೆಂದು ತಿಳಿಯುವ ಸ್ಥಿತಿಯಲ್ಲಿರಲಿಲ್ಲ. "ಇದ್ದೀಯಾ?" ಎಂದಳು. ಅರಸ ಬಾಯಿ ತೆರೆಯಲಿಲ್ಲ. ಆ ಮಾತನ್ನು ಅವನು ಕೊನೆಯ ಸಲ ಹೇಳಿದ್ದು ಅವನ ಅಪ್ಪನಿಗೆ. ಅಂಗೈಯವಳು ಕತ್ತಿಯನ್ನು ಚರ್ಮ ಹರಿಯುವಷ್ಟು ಒತ್ತಿ, "ಹೇಳು" ಎಂದಳು.

"ಇದ್ದೀನಿ" ಎಂದ ಅರಸ. "ಮಲಗು."

ಹುಡುಗಿ ಮಲಗಿದಳು. ಅವಳ ಉಸಿರು ಉದ್ದವಾಯಿತು, ಮುಖಕ್ಕೆ ರಕ್ತ ಬಂತು. ತಾಯಿ ಅದನ್ನು ನೋಡುತ್ತ ಬಿಕ್ಕಿ ಬಿಕ್ಕಿ ಅತ್ತಳು, ಕತ್ತಿಯನ್ನು ಮಾತ್ರ ಸರಿಸಲಿಲ್ಲ. ಅಷ್ಟು ಹೊತ್ತೂ ಅರಸನ ಬಾಯಿಂದ ರಕ್ತ ಅವನ ಗಲ್ಲದ ಮೇಲೆ ತೊಟ್ಟಿಕ್ಕುತ್ತಿತ್ತು. ಅವನು ಕೈ ಅಲುಗಿಸಲಿಲ್ಲ.

ಹುಡುಗಿಗೆ ಎಚ್ಚರವಾಯಿತು. ಆ ನಾಡಿನವರೆಲ್ಲ ಮಾಡುವಂತೆ, ನೀರು ಕುಡಿಯುವ ಮೊದಲು, ಮುಖ ನೋಡುವ ಮೊದಲು, ಅವಳು ತಿರುಗಿ ಕೈ ಚಾಚಿ ತನ್ನನ್ನು ಮಲಗಿಸಿದವನ ಕಣ್ಣು ಮುಚ್ಚಿದಳು. ಅರಸ ಕುಸಿದು ಅವಳ ಮಡಿಲಿಗೆ ಒರಗಿದ. "ಇದ್ದೀಯಾ?" ಎಂದು ಗೊಣಗಿದ. "ಇದ್ದೀನಿ, ಮಲಗು" ಎಂದಳು ಹುಡುಗಿ. ಆಮೇಲೆ ಅವಳಿಗೆ ಅವನು ಯಾರೆಂದು ತಿಳಿಯಿತು. ಅಷ್ಟರಲ್ಲಿ ಅವನು ನಿದ್ದೆಹೋಗಿದ್ದ.

"ಸರಿ" ಎಂದಳು ಸೂಲಗಿತ್ತಿ. "ನಿನ್ನ ಮಗಳು ಮಲಗಿ ಎದ್ದಳು. ಇನ್ನು ನಿನ್ನ ಕೆಲಸ ಮುಗಿಸು ತಂಗಿ."

ಅಂಗೈಯವಳು ಕತ್ತಿಯನ್ನು ಎತ್ತಿದಳು. ಮಗಳ ಮುಖ ನೋಡಿದಳು. ಅದು ಈಗಷ್ಟೇ ಬದುಕಿಗೆ ಬಂದ ಮುಖ. ಇವನು ಸತ್ತರೆ ಅವಳಿಗೆ ಇನ್ನೊಂದು ನಿದ್ದೆ ಇಲ್ಲ. ಅವಳು ಕತ್ತಿಯನ್ನು ಇಳಿಸಿದಳು.

"ಆಗಲ್ಲ ಅಕ್ಕ."

"ನನ್ನ ಮಗಳು ಹೆರೋವಾಗ ನಾನು ಈ ಮೊಂಡು ಇಟ್ಕೊಂಡು ನಿಂತಿದ್ದೆ. ಕೂಸಿನ ತಲೆ ಕಾಣ್ತಿತ್ತು. ಹಿಡಿಯೋಕೆ ಆಗಲಿಲ್ಲ. ನೀನೂ ಅಲ್ಲೇ ಇದ್ದೆ."

"ಇದ್ದೆ ಅಕ್ಕ."

"ಹಂಗಾದ್ರೆ ಅತ್ತ ಸರಿ."

"ಇವನು ಸತ್ರೆ ನನ್ನ ಮಗಳ ಕಣ್ಣು ಯಾರು ಮುಚ್ತಾರೆ? ನೀನೇ ಹೇಳು."

"ಯಾರೂ ಇಲ್ಲ" ಎಂದಳು ಸೂಲಗಿತ್ತಿ. "ನನ್ನ ಮಗಳಿಗೂ ಯಾರೂ ಇರಲಿಲ್ಲ."

ಸೂಲಗಿತ್ತಿಯ ಹತ್ತಿರ ಕತ್ತಿ ಇರಲಿಲ್ಲ, ಹಲ್ಲುಗಳಿದ್ದವು. ಅವಳು ಬಾಯಿ ತೆರೆದು, ಮಲಗಿದ್ದ ಅರಸನ ಕುತ್ತಿಗೆಯ ಮೇಲೆ ಬಿದ್ದಳು. ಅಂಗೈಯವಳು ಅಕ್ಕ, ಬೇಡ, ಅಕ್ಕ, ಬೇಡ ಎನ್ನುತ್ತಲೇ, ಹಲ್ಲು ತಾಗುವ ಮೊದಲು, ಕತ್ತಿಯನ್ನು ಅವಳ ಪಕ್ಕೆಗೆ ಹಾಕಿದಳು. ತೋಳಿಗೆ ಕಟ್ಟಿದ್ದ ಕತ್ತಿ ಬುಡದ ತನಕ ಹೋಯಿತು. ಸೂಲಗಿತ್ತಿ ಅವಳನ್ನು ಒಮ್ಮೆ ತಿರುಗಿ ನೋಡಿದಳು, ಅವಳ ಕಾಲ ಬಳಿಯೇ ಮಗುಚಿಕೊಂಡಳು. ಅವಳ ಕಣ್ಣು ತೆರೆದೇ ಇತ್ತು, ಮುಚ್ಚಲು ಅಂಗೈಯವಳಿಗೆ ಕೈಯಿರಲಿಲ್ಲ.

ರಕ್ತ ಚಿಮ್ಮಿ ಹುಡುಗಿಯ ಮೊಣಕೈ ತನಕ ಹರಿಯಿತು. ಅವಳು ತಾಯಿಯತ್ತ ಮುಖ ಎತ್ತಿದಳು. "ಅವ್ವ" ಎಂದಳು.

"ಕೈ ತೆಗೀಬೇಡ ಮಗಾ" ಎಂದಳು ಅಂಗೈಯವಳು. "ಅವನು ಮಲಗಲಿ."

ಆಮೇಲೆ ಅವಳು ಅರಸನಿಗೆ ಬೆನ್ನು ಮಾಡಿ, ಜನರ ಕಡೆಗೆ ಕತ್ತಿ ಚಾಚಿ ನಿಂತಳು. ಅರಸ ಪಟ್ಟಕ್ಕೆ ಬಂದ ಮೇಲೆ ಮೊದಲ ಸಲ ಬೆಚ್ಚಿ ಬೀಳದೆ ನಿದ್ದೆ ಮಾಡುತ್ತಿದ್ದ.